ಕೊಟ್ರಮ್ಮನ ಧ್ವನಿಗೆ ಬರೆದ ಚಿತ್ರ

ಎಂಬತ್ತರ ದಶಕದ ನಡುವೆ ನಾನು ಬಳ್ಳಾರಿಯಲ್ಲಿ ಆರೋಗ್ಯ ಪ್ರಚಾರದ ಕಿರುಚಿತ್ರಗಳಿಗೆ ಚಿತ್ರ ಬರೆಯುವ ಕಲಾವಿದೆಯಾಗಿದ್ದೆ. ಕುಷ್ಠರೋಗ ಗುಣವಾಗುತ್ತದೆ, ಮಚ್ಚೆ ಕಂಡಾಗಲೇ ತೋರಿಸಿಕೊಳ್ಳಿ ಎಂದು ಕೂಡ್ಲಿಗಿ, ಹಡಗಲಿ ಕಡೆಯ ಹಳ್ಳಿಗಳಿಗೆ ಹೇಳುವ ಎರಡು ನಿಮಿಷದ ಚಿತ್ರವೊಂದು ಬೇಕಾಗಿತ್ತು. ಗುಣವಾದವರು ಹಲವರು ಸಿಕ್ಕರು. ಕ್ಯಾಮೆರಾ ಮುಂದೆ ಬರಲು ಯಾರೂ ಒಪ್ಪಲಿಲ್ಲ.

ಹಗರಿಬೊಮ್ಮನಹಳ್ಳಿಯಲ್ಲಿ ಅಕ್ಕನ ಮನೆಯಲ್ಲಿದ್ದು ಬಟ್ಟೆ ಹೊಲಿಯುತ್ತಿದ್ದ ಕೊಟ್ರಮ್ಮ ಮಾತ್ರ, "ಮಾರಿ ಬ್ಯಾಡ್ರಿ ಅಕ್ಕಾರ. ಧ್ವನಿ ಬೇಕಾದ್ರ ತಗೊಳ್ರಿ," ಅಂದಳು. ಹಾಗಾಗಿ ಅವಳ ಮುಖ ತೋರಿಸದೆ ಅನಿಮೇಷನ್ ಮಾಡುವುದೆಂದು ತೀರ್ಮಾನವಾಯಿತು.

ಅನಿಮೇಷನ್‌ನಲ್ಲಿ ಧ್ವನಿ ಮೊದಲು, ಚಿತ್ರ ಆಮೇಲೆ. ಪರದೆಯ ಮೇಲೆ ಸೆಕೆಂಡಿಗೆ ಇಪ್ಪತ್ನಾಲ್ಕು ಫ್ರೇಮ್ ಓಡುತ್ತವೆ. ಟೇಪಿನಲ್ಲಿ ಪ್ರತಿ ಮಾತಿನ ಉದ್ದ ಅಳೆದು, ಆ ಲೆಕ್ಕಕ್ಕೆ ಸರಿಯಾಗಿ ತುಟಿ, ಕಣ್ಣು, ಕೈಗಳನ್ನು ಪಾರದರ್ಶಕ ಹಾಳೆಗಳ ಮೇಲೆ ಬರೆದು, ಒಂದೊಂದನ್ನೇ ಕ್ಯಾಮೆರಾ ಕೆಳಗಿಟ್ಟು ತೆಗೆಯಬೇಕು. ಗಂಡನ ಮನೆ ಬಿಟ್ಟು ಬಂದ ದಿನವನ್ನು ಹೇಳುವಾಗ ಕೊಟ್ರಮ್ಮ ನಡುವೆ ಸುಮ್ಮನಾಗಿದ್ದಳು. ಚಿತ್ರ ನಿಂತುಹೋಯಿತೆಂದು ಜನ ತಿಳಿದಾರು, ಅಷ್ಟನ್ನು ಕತ್ತರಿಸಿ ಎಂದರು ನಮ್ಮ ಮುಖ್ಯಸ್ಥರು. ನಾನು ಒಪ್ಪಲಿಲ್ಲ. ಆ ಮೌನದುದ್ದಕ್ಕೂ, ಹೊಸ್ತಿಲಾಚೆ ನಿಂತ ಹೆಂಗಸಿನ ಸೆರಗಷ್ಟೇ ಗಾಳಿಗೆ ಅಲುಗುವಂತೆ ಬರೆದೆ. ಇಡೀ ಚಿತ್ರದಲ್ಲಿ ಹೆಚ್ಚು ದಿನ ಹಿಡಿದದ್ದು ಅದೇ.

ಮೊದಲ ಪ್ರದರ್ಶನ ಕಾನಹೊಸಹಳ್ಳಿಯಲ್ಲಿ ಗೊತ್ತಾಯಿತು. ಅದು ಕೊಟ್ರಮ್ಮನ ಗಂಡನ ಊರು. ಬೇಡವೆಂದರೆ ಬೇರೆ ಊರು ನೋಡೋಣ ಎಂದೆ. ಅವಳು ತಾನೂ ಬರುವುದಾಗಿ ಹೇಳಿದಳು. ಬಂದು, ತಲೆತುಂಬ ಸೆರಗು ಹೊದ್ದು, ಜನರ ಹಿಂದೆ ನಮ್ಮ ಜೀಪಿನ ಪಕ್ಕ ಕುಳಿತಳು.

ಸಂಜೆ ಶಾಲೆಯ ಗೋಡೆಗೆ ಬಿಳಿ ಬಟ್ಟೆ ಕಟ್ಟಿ ಚಿತ್ರ ತೋರಿಸಿದೆವು. ಆ ಮೌನ ಬಂದಾಗ ಜನ ಗದ್ದಲ ಮಾಡಲಿಲ್ಲ. ಮುಗಿದ ಮೇಲೆ ಮಾತ್ರ ಒಬ್ಬ ಹಿರಿಯ ಎದ್ದು, "ಇದೆಲ್ಲ ಕೈಲೆ ಬರ್ದಿದ್ದು. ಖರೇ ಆರಾಮಾದೋರ್ನ ಯಾರು ನೋಡ್ಯಾರ?" ಎಂದು ಕೇಳಿದ.

ನಮ್ಮ ಜೊತೆ ಬಂದಿದ್ದ ವೈದ್ಯರು ಉತ್ತರಿಸುವಷ್ಟರಲ್ಲಿ ಕೊಟ್ರಮ್ಮ ಗುಂಪಿನ ನಡುವೆ ನಡೆದು ಪರದೆಯ ಮುಂದೆ ಬಂದು ನಿಂತಿದ್ದಳು. ಅವಳು ಸೆರಗು ಹಿಂದಕ್ಕೆ ಸರಿಸಿದಳು.

"ನೋಡ್ರಿ. ಆ ಧ್ವನಿ ನಂದು. ನಂಗ ಆರಾಮಾಗೈತಿ."

ಅವಳ ಗಂಡ ಅಲ್ಲಿದ್ದನೋ ಇಲ್ಲವೋ, ನಾನು ಕೇಳಲಿಲ್ಲ. ಸ್ವಲ್ಪ ಹೊತ್ತಿಗೆ ಹೆಂಗಸರ ಸಾಲಿನಿಂದ ಒಬ್ಬಾಕೆ ಎದ್ದು ಬಂದು, ವೈದ್ಯರ ಕಡೆ ನೋಡದೆ, ಕೊಟ್ರಮ್ಮನೆದುರು ನಿಂತು ಕುಪ್ಪಸದ ತೋಳು ಮೇಲಕ್ಕೆ ಸರಿಸಿ ಮಚ್ಚೆ ತೋರಿಸಿದಳು. ಕೊಟ್ರಮ್ಮ ಆ ತೋಳನ್ನು ಹಿಡಿದುಕೊಂಡೇ ವೈದ್ಯರನ್ನು ಕರೆದಳು.

ಅಲ್ಲಿಯವರೆಗೆ ನಾನು ಒಬ್ಬರ ಮುಖ ಮರೆಮಾಡಲೆಂದು ಚಿತ್ರ ಬರೆದೆ ಎಂದುಕೊಂಡಿದ್ದೆ. ಮುಂದೆ ಬರಲು ಅವರಿಗೆ ಬೇಕಾದಷ್ಟು ಸಮಯ ಕೊಡುವುದೇ ನನ್ನ ಕೆಲಸವೆಂದು ತಿಳಿದದ್ದು ಆ ಸಂಜೆ.