ಶನಿವಾರ ತೆರೆದ ಬಾವಿ

ನಾನು ಚಿಕ್ಕವನಿದ್ದಾಗ, ಒಂದು ಶನಿವಾರ ಬೆಳಿಗ್ಗೆ, ಊರಿನ ಹೊಸ ಬಾವಿಯ ಕಟ್ಟೆಯ ಕೆಳಗೆ ಒಂದು ಮೂಲೆಯಲ್ಲಿ ನಿಂತಿದ್ದೆ. ಎಪ್ಪತ್ತರ ದಶಕ ಆಗಷ್ಟೇ ಶುರುವಾಗಿತ್ತು. ಊರು ಇಂಡಿ ತಾಲ್ಲೂಕಿನದು, ತಾಂಬಾದ ದಾರಿಯಲ್ಲಿ ಸಿಗುತ್ತದೆ. ಬಿಸಿಲು ಬೇವಿನ ಮರದ ನೆತ್ತಿಗೆ ಬಂದಿತ್ತು. ಕಟ್ಟೆಯಿಂದ ಹಸಿ ಸಿಮೆಂಟಿನ ವಾಸನೆ ಇನ್ನೂ ಹೋಗಿರಲಿಲ್ಲ. ಮಕ್ಕಳೇ, ಕಣ್ಣಾರೆ ಕಂಡದ್ದನ್ನಷ್ಟೇ ಹೇಳುತ್ತೇನೆ. ಕೇಳಿದ್ದಾದರೆ ಕೇಳಿದ್ದು ಎಂದೇ ಹೇಳುತ್ತೇನೆ.

ನಮ್ಮದು ಊರ ಹೊರಗಿನ ಓಣಿ. ನಮ್ಮ ಜಾತಿಯ ಕಾರಣಕ್ಕೆ ಊರ ಹಳೆಯ ಬಾವಿಯನ್ನು ನಾವು ಮುಟ್ಟುವಂತಿರಲಿಲ್ಲ. ಅಕ್ಕ ದಿನವೂ ಹಳ್ಳಕ್ಕೆ ಹೋಗಿ ಮರಳು ಕೆದರುತ್ತಿದ್ದಳು. ಒಸರಿದ ನೀರನ್ನು ಚರಿಗೆಯಿಂದ ಮೊಗೆದು ಕೊಡ ತುಂಬಿಸುವಷ್ಟರಲ್ಲಿ ಶಾಲೆಯ ಗಂಟೆ ಹೊಡೆದುಹೋಗಿರುತ್ತಿತ್ತು. ಕಡೆಗೆ ಶಾಲೆಯನ್ನೇ ಬಿಟ್ಟಳು. ಹೊಸ ಬಾವಿಗೆ ನೀರು ಬಿದ್ದ ದಿನ ಅಪ್ಪ, "ಇನ್ನ ಹಳ್ಳಕ್ಕ ಹೋಗೂದು ಬ್ಯಾಡ. ನೀ ಮತ್ತ ಸಾಲಿಗಿ ಹೋಗು" ಅಂದಿದ್ದ. ಅಕ್ಕ ಅವತ್ತೇ ತನ್ನ ಪಾಟಿ ತೊಳೆದು ಒಣಗಲು ಇಟ್ಟಳು.

ಆ ಬಾವಿಯನ್ನು ತೋಡಿಸಿದವರು ಮುಂಬೈಯ ಒಬ್ಬ ಯಹೂದಿ ಹಿರಿಯರು. ನಾವು ಸಾಹೇಬರು ಅನ್ನುತ್ತಿದ್ದೆವು. ಹರೆಯದಲ್ಲಿ ನಮ್ಮ ಕಡೆ ರೈಲ್ವೆಯಲ್ಲಿ ಕೆಲಸ ಮಾಡಿದ್ದರು. ಕನ್ನಡ ಅಲ್ಲೇ ಕಲಿತದ್ದು. ಆಮೇಲೆ ಮುಂಬೈಯಲ್ಲಿ ತಮ್ಮ ಸಮಾಜಕ್ಕೆ ಮುಖಂಡರಾಗಿ, ದುಡಿದದ್ದನ್ನೆಲ್ಲ ಶಾಲೆ, ದವಾಖಾನೆ, ಬಾವಿ ಎಂದು ಕೊಡುತ್ತಿದ್ದರು ಎಂದು ಅಪ್ಪ ಹೇಳಿದ್ದು ಕೇಳಿದ್ದೇನೆ. ಅವರ ಅಜ್ಜಂದಿರು ಕೊಂಕಣದಲ್ಲಿ ಗಾಣ ನಡೆಸಿದವರಂತೆ. ಶನಿವಾರ ಮಾತ್ರ ಗಾಣ ನಿಲ್ಲಿಸುತ್ತಿದ್ದರಂತೆ. ಶುಕ್ರವಾರ ಹೊತ್ತು ಮುಳುಗಿದಾಗಿನಿಂದ ಶನಿವಾರ ರಾತ್ರಿಯಾಗುವ ತನಕ ಅವರ ದೇವರು ಹೇಳಿದ ಬಿಡುವು. ಕೆಲಸ ಮುಟ್ಟುವಂತಿಲ್ಲ, ಗಾಡಿ ಹತ್ತುವಂತಿಲ್ಲ.

ಬಾವಿ ತೋಡುವ ಮೊದಲು ಸಾಹೇಬರು ಚಾವಡಿಯಲ್ಲಿ ಒಂದೇ ಒಂದು ಮಾತು ಕೇಳಿದ್ದರು. "ಎಲ್ಲಾ ಓಣಿಗೂ ಒಂದ ಹಗ್ಗ. ಒಪ್ಪಿಗಿ ಐತೇನ್ರಿ?" ಊರ ಗೌಡರು ಎಲ್ಲರೆದುರು "ಹೌದ್ರಿ" ಅಂದಿದ್ದರು. ಅಪ್ಪನೂ ಅಲ್ಲಿದ್ದ, ಅವನಿಂದ ಕೇಳಿದ್ದು.

ಬಾವಿ ತೆರೆಯಲು ಗೌಡರು ಆರಿಸಿದ್ದು ಶನಿವಾರ. ಗಾಡಿ ಹತ್ತದ ಮನುಷ್ಯ ಹೇಗೆ ಬಂದಾನು ಎಂಬ ಲೆಕ್ಕ. ಆದರೆ ಸಾಹೇಬರು ಶುಕ್ರವಾರ ಹೊತ್ತು ಮುಳುಗುವ ಮೊದಲೇ ಬಸ್ಸಿಳಿದು, ಶಾಲೆಯಲ್ಲಿ ಮಲಗಿ, ಬೆಳಿಗ್ಗೆ ನಡೆದೇ ಬಾವಿಗೆ ಬಂದರು. ಬಿಳಿ ಅಂಗಿ, ತಲೆಗೆ ಸಣ್ಣ ಟೊಪ್ಪಿಗೆ. ಅವರನ್ನು ಕಂಡಾಗ ಗೌಡರ ಮುಖ ಸಪ್ಪಗಾದದ್ದನ್ನು ನಾನು ನೋಡಿದೆ.

"ಬಂದದ್ದು ಚಲೋ ಆತ್ರಿ. ಮೊದಲನೇ ಕೊಡ ನೀವ ಸೇದ್ರಿ," ಅಂದರು ಗೌಡರು.

"ಇವತ್ತ ನಾ ಹಗ್ಗ ಮುಟ್ಟಂಗಿಲ್ಲ. ಅದು ಗೊತ್ತಿದ್ದ ನೀವು ಈ ದಿನ ಇಟ್ಟೀರಿ."

ಅಷ್ಟರಲ್ಲಿ ಅಕ್ಕ ಕೊಡ ಹಿಡಿದು ಕಟ್ಟೆ ಹತ್ತಿದಳು. ಗೌಡರ ಆಳು ಕೋಲು ಅಡ್ಡ ಹಿಡಿದ. "ಏ ಹುಡುಗಿ, ಅಲ್ಲೇ ಕೆಳಗ ಇಡು. ಯಾರರ ಮ್ಯಾಲಿಂದ ಸುರೀತಾರ." ಹಿಂದಿನಿಂದ ಒಬ್ಬಾಕೆ, "ಹಳ್ಳದ ನೀರು ರುಚಿ ಹತ್ತವಲ್ತೇನ ಮಾರಾಣಿಗಿ?" ಅಂದಳು. ನಕ್ಕವರು ಬಹಳ. ಆ ನಗು ನೆನೆದರೆ ನನಗೆ ಇಂದಿಗೂ ಮೈ ಉರಿಯುತ್ತದೆ.

ಅಕ್ಕ ಕೊಡವನ್ನು ಬೋರಲು ಹಾಕಿ ಅಲ್ಲೇ ಕೂತಳು. ಸಾಹೇಬರು ಅವಳ ಪಕ್ಕದ ಕಲ್ಲಿನ ಮೇಲೆ ಕೂತರು. ಊರವರೆಲ್ಲ ನೀರು ಸೇದಿಕೊಂಡು ಅವರನ್ನು ದಾಟಿ ಹೋದರು. ಬಿಸಿಲೇರಿತು. ಬಾವಿಯ ಗಾಲಿ ಕಿರುಗುಟ್ಟಿದ ಸದ್ದು, ತುಳುಕಿದ ನೀರಿಗೆ ಮಣ್ಣಿನಿಂದೆದ್ದ ವಾಸನೆ, ಅಕ್ಕನ ಒಣಗಿದ ತುಟಿ. ಒಬ್ಬ ಮುದುಕಿ ತಾಳಲಾರದೆ ಬಂದು, "ನೀರರ ಕುಡೀರಿ ಸಾಹೇಬ್ರ" ಅಂದಳು. "ಈಕಿ ಕುಡಿದ ಮ್ಯಾಲ ಕುಡೀತೇನಿ," ಅಂದರು.

ಹೊತ್ತು ಮುಳುಗಿತು. ಸಾಹೇಬರು ಆಕಾಶ ನೋಡುತ್ತ ಕೂತರು. ಮೂರು ಚುಕ್ಕಿ ಕಂಡರೆ ಅವರ ಶನಿವಾರ ಮುಗಿದಂತೆ. ಕಂಡೊಡನೆ ಎದ್ದು, ಅಂಗಿಯ ತೋಳು ಮಡಚಿ, ಹಗ್ಗ ಹಿಡಿದರು. ತಾವೇ ಸೇದಿ ಅಕ್ಕನ ಕೊಡ ತುಂಬಿಸಿದರು. ಆಮೇಲೆ ಹಗ್ಗವನ್ನು ಅವಳ ಕೈಗಿತ್ತರು. ಆಳು ಮುಂದೆ ಬಂದ.

"ಕಸಕೊಳ್ಳೂದಿದ್ರ ಮೊದಲ ನನ್ನ ಕೈ ತಗಿ," ಅಂದರು. ಅವರ ಕೈ ಅಕ್ಕನ ಕೈ ಮೇಲೆಯೇ ಇತ್ತು. ಆಳು ಗೌಡರತ್ತ ನೋಡಿದ. ಗೌಡರು ತಿರುಗಿ ಮನೆಗೆ ನಡೆದರು. ನಮ್ಮ ಓಣಿಯವರೆಲ್ಲ ರಾತ್ರಿ ಬಹಳ ಹೊತ್ತಿನ ತನಕ ಸೇದಿದರು.

ಮರುದಿನ ಬೆಳಿಗ್ಗೆ ಗೌಡರ ಮನೆಯವರು ಬಾವಿ ಶುದ್ಧ ಮಾಡಲು ಗಂಜಳ ತಂದು ಸುರಿದರು. ಸಾಹೇಬರ ಬಸ್ಸು ಇನ್ನೂ ಬಂದಿರಲಿಲ್ಲ. ಅವರೂ ನೋಡುತ್ತ ನಿಂತಿದ್ದರು. ಸುರಿದು ಮುಗಿಯುವ ತನಕ ಅಪ್ಪ ಕಾದು, ನೇರ ಹೋಗಿ ಹಗ್ಗ ಹಿಡಿದ. "ಚಲೋ ಆತ್ರಿ ಗೌಡ್ರ. ಈಗ ನಮಗೂ ಶುದ್ಧ ನೀರು ಸಿಕ್ತು."

ಅದರ ಮರುದಿನವೂ ಅವರು ಸುರಿದರು. ಅಕ್ಕನೂ ಸೇದಿದಳು. ಸೇದುವ ಕೈ ನಿಲ್ಲಲಿಲ್ಲ, ಸುರಿಯುವವರಿಗೆ ಬೇಸರ ಬಂತು. ಆದರೆ ಗೌಡರ ಹೊಲದಲ್ಲಿ ಅಪ್ಪನಿಗೆ ಕೆಲಸ ಹೋಯಿತು. ರಸ್ತೆಗೆ ಕಲ್ಲು ಒಡೆದು ನಮ್ಮನ್ನು ಸಾಕಿದ. ಅಕ್ಕ ಮಾತ್ರ ಮತ್ತೆ ಶಾಲೆಗೆ ಹೋದಳು.

ನೀವು ನಲ್ಲಿ ತಿರುಗಿಸಿದರೆ ನೀರು ಬರುತ್ತದೆ. ಶಾಲೆಯಲ್ಲಿ ಒಂದೇ ಬಾಟಲಿಯಿಂದ ನಾಲ್ಕು ಜನ ಕುಡಿಯುತ್ತೀರಿ, ಯಾರ ಓಣಿ ಯಾವುದೆಂದು ಕೇಳುವುದಿಲ್ಲ. ನೋಡಿದರೆ ನನಗೆ ಹೊಟ್ಟೆ ತಂಪಾಗುತ್ತದೆ. ಆದರೆ ಈಚೆಗೆ ಆ ಬಾವಿಗೆ ಗೌಡರ ಹೆಸರಿನ ಕಲ್ಲು ಹಾಕಿದ್ದಾರೆ. ನಮ್ಮೂರಲ್ಲಿ ಎಲ್ಲರೂ ಮೊದಲಿನಿಂದ ಅಣ್ಣತಮ್ಮಂದಿರಂತೆ ಇದ್ದೆವು ಎಂದು ವೇದಿಕೆ ಹತ್ತಿ ಹೇಳುತ್ತಾರೆ. ಅದು ಸುಳ್ಳು. ಸಾಹೇಬರು ಹೋದರು, ಅಪ್ಪ ಹೋದ, ಗೌಡರೂ ಹೋದರು. ಅಕ್ಕ ಇದ್ದಾಳೆ, ಸಿಂದಗಿಯಲ್ಲಿ ಮಗನ ಮನೆಯಲ್ಲಿ. ಕೇಳಿದರೆ ಹೇಳುತ್ತಾಳೆ. ವೇದಿಕೆ ಹತ್ತಿ ಹಾಗೆ ಹೇಳಿದವನು ಗೌಡರ ಮಗ. ಆ ಶನಿವಾರ ಅವನು ತನ್ನ ಅಪ್ಪನ ಧೋತರದ ಚುಂಗು ಹಿಡಿದು ನನ್ನ ಎದುರಿಗೇ ನಿಂತಿದ್ದ. ಎಲ್ಲವನ್ನೂ ನೋಡಿದ. ಅವನೂ ಇನ್ನೂ ಇದ್ದಾನೆ.