ಮಗ್ಗ ಮೀರಿದ ದನಿ

ಮಾತಾಡುವಾಗ ನಮ್ಮ ಮಾವನ ಕುತ್ತಿಗೆಯ ನರ ಹುರಿಯ ಹಾಗೆ ಉಬ್ಬುತ್ತಿತ್ತು. ಒಂದು ಲೋಟ ನೀರು ಕೇಳಿದರೂ ಬೀದಿಗೆಲ್ಲ ಗೊತ್ತಾಗುತ್ತಿತ್ತು. ಸೇಲಂನ ನಮ್ಮ ನೇಕಾರರ ಬೀದಿಯಲ್ಲಿ ಎಲ್ಲರದೂ ಅದೇ ಕತೆ ಅನ್ನಿ. ನಡುಮನೆಯಲ್ಲೇ ಮಗ್ಗ, ಬೆಳಗಿನಿಂದ ಅದರ ಲಟಪಟ. ಅದನ್ನು ಮೀರಿ ಕೂಗಿದರೇ ಮಾತು. ಮಾವ, ಅಂದರೆ ನಮ್ಮಮ್ಮನ ತಮ್ಮ, ಆ ದನಿ ಹೊತ್ತುಕೊಂಡೇ ಸಿನಿಮಾದಲ್ಲಿ ನಟಿಸಲು ಹೋದರು.

ಸಿನಿಮಾ ಅಂದರೆ ಕಟೌಟು, ಹಾರ ತುರಾಯಿ ಅಂದುಕೊಳ್ಳಬೇಡಿ. ನಾಲ್ಕು ಜನ ಗೆಳೆಯರು ಸೇರಿ ಬಾಡಿಗೆ ಕ್ಯಾಮರಾದಲ್ಲಿ ತೆಗೆಯುವ ತಮಿಳು ಚಿತ್ರಗಳು. ಕೆಲಸ ಸಿಕ್ಕಾಗ ಕೊಳತ್ತೂರು, ಪಾಲಮಲೆ ಅಂತ ಅಲೆಯುವರು, ಸಿಗದಾಗ ಮತ್ತೆ ನೇಯಲು ಮಗ್ಗದ ಗುಂಡಿಗೆ ಇಳಿಯುವರು. ಸೆಟ್ಟಿನಲ್ಲೂ ಅವರದು ಕೂಗೇ. ಒಂದು ಸಾವಿನ ದೃಶ್ಯದಲ್ಲಿ ಪಿಸುಗುಡಬೇಕಾದ ಮಾತನ್ನು ಎಂಥಾ ದನಿಯಲ್ಲಿ ಹೇಳಿದರೆಂದರೆ, ಹೆಣವಾಗಿ ಮಲಗಿದ್ದವನು ಬೆಚ್ಚಿ ಎದ್ದು ಕೂತನಂತೆ. ಹಾಗಾಗಿ ಪ್ರತಿ ಚಿತ್ರದಲ್ಲೂ ಅವರಿಗೆ ಬೇರೆ ಯಾರೋ ದನಿ ಕೊಟ್ಟರು. ಅಜ್ಜಿ ಅಂಥದೊಂದು ಚಿತ್ರ ನೋಡಿ, "ಬಾಯಿ ನನ್ ಮಗುಂದು. ದನಿ ಯಾರ್ದ್‌ಲಾ?" ಎಂದು ಕೇಳಿಬಿಟ್ಟಳು. ಮಾವ ಅವತ್ತು ಊಟ ಮಾಡಲಿಲ್ಲ.

ಆಮೇಲೆ ತಾವೇ ಬರೆಯಲು ಕೂತರು, ಒಬ್ಬ ನೇಕಾರನ ಕತೆ. ಮಾತು ನಮ್ಮ ಮನೆಯ ಕನ್ನಡ, ಅಕ್ಷರ ಮಾತ್ರ ತಮಿಳು. ಕನ್ನಡದಲ್ಲಿ ಬರೆಯಲು ಅವರಿಗೆ ಯಾರು ಕಲಿಸಿದ್ದರು? "ನೀನಾದ್ರೂ ಕಲ್ತ್ಕೊ ಕಣವ್ವ" ಎಂದು ನನ್ನ ಬೆನ್ನು ಹತ್ತಿದರು. ಇವತ್ತು ನಾನು ಇದನ್ನು ಬರೆಯುತ್ತಿರುವುದು ಅವರ ಆ ಕಾಟದಿಂದಲೇ.

"ಈ ನೇಕಾರ ನಮ್ಮಂಗೇ ಕೂಗ್ತಾನೆ" ಎನ್ನುತ್ತಿದ್ದರು. "ಮೆದುವಾ ಪೇಸು, ಮೆಲ್ಲಗೆ ಮಾತಾಡು ಅಂತ ಯಾವ ಡೈರೆಕ್ಟರೂ ಏಳಂಗಿಲ್ಲ. ಇದೊಂದ್ರಲ್ಲಿ ನನ್ ದನಿನೇ ಇರ್ಬೇಕು."

ಧರ್ಮಪುರಿಯ ಗೆಳೆಯನೊಬ್ಬ ಕ್ಯಾಮರಾ ತಂದ. ನಮ್ಮನೆಯಲ್ಲೇ, ಮಗ್ಗ ಓಡುತ್ತಿರುವಾಗಲೇ ಚಿತ್ರ ತೆಗೆದರು. ಮಾತನ್ನು ಆಮೇಲೆ ಸ್ಟುಡಿಯೋದಲ್ಲಿ ಸೇರಿಸುವುದು ಅಂತ ಇತ್ತು. ಅಷ್ಟರೊಳಗೆ, ನೂಲು ತರಲು ಹೊರಟ ಮಾವ ಬಸ್‌ಸ್ಟ್ಯಾಂಡಿನಲ್ಲಿ ಎದೆ ಹಿಡಿದುಕೊಂಡು ಕುಸಿದರು. ಆಸ್ಪತ್ರೆಯ ಬಾಗಿಲು ದಾಟುವ ಮೊದಲೇ ಎಲ್ಲ ಮುಗಿದಿತ್ತು. ಅಯ್ಯೋ, ಇನ್ನೊಂದು ತಿಂಗಳು ಕೊಟ್ಟಿದ್ದರೆ ಆ ದೇವರ ಗಂಟೇನು ಹೋಗುತ್ತಿತ್ತು!

ತಿಥಿಯಾದ ಮೇಲೆ ಗೆಳೆಯ ಬಂದ. ಬೇರೆ ಯಾರಿಂದಲಾದರೂ ದನಿ ಕೊಡಿಸಿ ಚಿತ್ರ ಮುಗಿಸಲೇ ಎಂದು ಅಳುಕುತ್ತಲೇ ಕೇಳಿದ.

"ಬ್ಯಾಡಪ್ಪಾ. ಇದ್ದಂಗೇ ತೋರ್ಸು" ಅಂದಳು ಅಜ್ಜಿ.

ಅವನು ಲ್ಯಾಪ್‌ಟಾಪ್ ತೆರೆದ. ಮಗ್ಗಕ್ಕೆ ಅಂಟಿಕೊಂಡೇ ಇಟ್ಟಿದ್ದ ಕ್ಯಾಮರಾಗೆ ಸಿಕ್ಕಿದ ಸದ್ದಷ್ಟೇ ಅದರಲ್ಲಿತ್ತು. ಮಾವ ಮಗ್ಗದಲ್ಲಿ ಕೂತು ನಮ್ಮ ಕಡೆ ತಿರುಗಿ ಏನೋ ಹೇಳುತ್ತಿದ್ದಾರೆ, ತುಟಿ ಆಡುತ್ತಿದೆ, ಮಗ್ಗದ ಗದ್ದಲದಲ್ಲಿ ಒಂದು ಮಾತೂ ತಿಳಿಯುತ್ತಿಲ್ಲ. ಅಜ್ಜಿ ಬಗ್ಗಿ ಪರದೆಗೇ ಕಿವಿ ಹಚ್ಚಿದಳು. ಆಮೇಲೆ ಮನೆಯೊಳಕ್ಕೆ ತಿರುಗಿ ಕೂಗಿದಳು:

"ಮಗ್ಗ ನಿಲ್ಸ್ರೋ! ನನ್ ಮಗ ಏನೋ ಏಳ್ತಾವ್ನೆ, ಮಗ್ಗ ನಿಲ್ಸ್ರೋ!"

ಮಾವ ಹೋದ ದಿನದಿಂದ ನಮ್ಮ ಮನೆಯಲ್ಲಿ ಮಗ್ಗ ಓಡಿರಲೇ ಇಲ್ಲ.