ರಾಂಜಣಗಾಂವದ ಬಸ್ಸಿನ ಯಾದಿ

ಮರಾಠಿ ನಾಡಿನಲ್ಲಿ, ನಿಗಡಿಯಿಂದ ರಾಂಜಣಗಾಂವದ ಕಾರ್ಖಾನೆಗೆ ಹೋಗುವ ಕಂಪನಿ ಬಸ್ಸಿನ ಉಸ್ತುವಾರಿ ನನ್ನದಾಗಿತ್ತು. ಯಾರು ಹತ್ತಬೇಕು ಎಂಬ ಯಾದಿ ನನ್ನ ಕೈಯಲ್ಲಿ. ದೊಡ್ಡ ಅಧಿಕಾರವೇನಲ್ಲ, ಆದರೂ ಒಳಗೊಳಗೇ ಹೆಮ್ಮೆ ಇತ್ತು, ಸುಳ್ಳು ಯಾಕೆ ಹೇಳಲಿ.

ದೇಶದ ವ್ಯವಹಾರವೇ ನೆಲಕಚ್ಚಿದ ಆ ವರ್ಷ ಅರ್ಧ ಜನರನ್ನು ಮನೆಗೆ ಕಳಿಸಿದರು. ಉಳಿದವರ ಪಾಳಿಯನ್ನು ಹನ್ನೆರಡು ತಾಸಿಗೆ ಏರಿಸಲು ಸರಕಾರ ಒಪ್ಪಿಗೆ ಕೊಟ್ಟಿತು. ಮೊದಲೆಲ್ಲ ಬಂದು ನಮ್ಮ ದೂರು ಕೇಳುತ್ತಿದ್ದ ಸರಕಾರಿ ಸಾಹೇಬರು ಬರುವುದನ್ನೇ ಬಿಟ್ಟರು. ನಾವೂ ಬದಲಾದೆವು. ಬಸ್ಸಿನಲ್ಲಿ ಹರಟೆ ನಿಂತಿತು. ಪಕ್ಕದ ಸೀಟು ಖಾಲಿಯಾದರೆ, ಸದ್ಯ ನಾನು ಉಳಿದೆನಲ್ಲ ಎಂಬ ಸಮಾಧಾನ.

ಬೆಳಗಾವಿ ಕಡೆಯ ಒಬ್ಬ ಫಿಟ್ಟರ್, ನಮ್ಮ ಓಣಿಯವನೇ, ಕೆಲಸ ಹೋದ ಮೇಲೂ ಯೂನಿಫಾರ್ಮ್ ಹಾಕಿಕೊಂಡು ದಿನಾ ಬಸ್ಸು ಹತ್ತುತ್ತಿದ್ದ. ಹೆಂಡತಿಗೆ ಹೇಳಿರಲಿಲ್ಲ. ಹಗಲೆಲ್ಲ ರಾಂಜಣಗಾಂವದ ಗಣಪತಿ ಗುಡಿಯಲ್ಲಿ ಕೂತು ಸಂಜೆ ನಮ್ಮೊಡನೆ ಮರಳುತ್ತಿದ್ದ. ಎರಡು ವಾರ ನಾನು ಕಂಡೂ ಕಾಣದಂತಿದ್ದೆ. ಆಮೇಲೆ, ತನ್ನ ಕನ್ನಡದವನೆಂದು ಬಿಡುತ್ತಾನೆ ಎಂದು ಬಸ್ಸಿನವರ ಗೊಣಗಾಟ ಶುರುವಾಯಿತು. ನನಗೆ ನನ್ನ ಕೆಲಸದ ಹೆದರಿಕೆ. ಒಂದು ಬೆಳಿಗ್ಗೆ ಬಾಗಿಲಲ್ಲೇ ತಡೆದೆ.

"ಇದೊಂದು ವಾರ ಬಿಡ್ರಿ, ಅಣ್ಣಾರ. ಬ್ಯಾರೆ ಕಡೆ ಕೆಲಸ ಕೇಳೇನಿ," ಎಂದ ಮೆಲ್ಲಗೆ.

ಅವನೊಡನೆ ಎಂದೂ ಮರಾಠಿ ಆಡದ ನಾನು, ಎಲ್ಲರಿಗೂ ಕೇಳುವಂತೆ ಮರಾಠಿಯಲ್ಲಿ, ಯಾದಿಯಲ್ಲಿ ಹೆಸರಿಲ್ಲ, ಇಳಿಯಿರಿ ಎಂದೆ. ಇಳಿದ. ಇಳಿಸಲೇಬೇಕಿದ್ದರೂ ಪಕ್ಕಕ್ಕೆ ಕರೆದು ಕನ್ನಡದಲ್ಲಿ ಹೇಳಬಹುದಿತ್ತು. ಅದನ್ನು ನೆನೆದರೆ ಇಂದಿಗೂ ನನ್ನ ಮೇಲೆ ನನಗೇ ಹೇಸಿಕೆ.

ಮರುದಿನ ಸ್ಟಾಪಿನಲ್ಲಿ ಅವನ ಹೆಂಡತಿ ಡಬ್ಬಿ ಹಿಡಿದು ನಿಂತಿದ್ದಳು.

"ಅಣ್ಣಾರ, ಇವರು ಇವತ್ತ ಯಾರದೋ ಗಾಡಿ ಮ್ಯಾಲೆ ಲಗೂನ ಹೋದ್ರು. ಡಬ್ಬಿ ಮರತಾರ. ಒಳಗ ಕೊಡ್ತೀರೇನ್ರಿ?"

ತೆಗೆದುಕೊಂಡೆ. ಊಟದ ಬಿಡುವಿನಲ್ಲಿ ಯಾರದೋ ಬೈಕು ಕೇಳಿ ಗುಡಿಗೆ ಹೋದೆ. ಅವನಿರಲಿಲ್ಲ. ಫೋನೂ ಎತ್ತಲಿಲ್ಲ. ತುಂಬಿದ ಡಬ್ಬಿ ಮನೆಗೆ ಹೋದರೆ ಅವನ ಗುಟ್ಟು ಬಯಲಾಗುತ್ತಿತ್ತು. ಚೆಲ್ಲಲು ಕೈ ಬರಲಿಲ್ಲ. ಕ್ಯಾಂಟೀನಿನ ಮೂಲೆಯಲ್ಲಿ ಕೂತು ಆ ರೊಟ್ಟಿ, ಬದನೆಕಾಯಿ ಪಲ್ಯ ನಾನೇ ತಿಂದೆ. ಒಂದೊಂದು ತುತ್ತಿಗೂ ನೀರು ಕುಡಿದೆ.

ಸಂಜೆ ಅವನಿನ್ನೂ ಮನೆಗೆ ಬಂದಿರಲಿಲ್ಲ. ನಾನೇ ಹೋಗಿ ಖಾಲಿ ಡಬ್ಬಿ ಕೊಟ್ಟಾಗ ಅವಳು ಕೇಳಿದಳು, "ಪಲ್ಯಾಕ್ಕ ಉಪ್ಪು ಹೆಚ್ಚಾಗಿತ್ತು. ಏನರ ಅಂದ್ರೇನ್ರಿ ಇವರು?"

"ಇಲ್ರಿ," ಎಂದೆ. "ಭಾಳ ಛಲೋ ಆಗ್ಯದ ಅಂದ."